ಅಡಿಬರಹದಲ್ಲಿ ಕಳೆದುಹೋಗುವ ‘ಅಂತೆ’
ಚಾಮರಾಜನಗರ ಜಿಲ್ಲೆಯ ಗೋಪಿನಾಥಂನಲ್ಲಿ ಹುಟ್ಟಿ 2004ರಲ್ಲಿ ಹತನಾದ ವೀರಪ್ಪನ್ ಕುರಿತು ನೆಟ್‌ಫ್ಲಿಕ್ಸ್ 2023ರಲ್ಲಿ ‘ದಿ ಹಂಟ್ ಫಾರ್ ವೀರಪ್ಪನ್’ ಎಂಬ ಸಾಕ್ಷ್ಯಚಿತ್ರ ಸರಣಿಯನ್ನು ಪ್ರಸಾರ ಮಾಡಿತು. ಇಂತಹ ಕೃತಿಗಳಲ್ಲಿ ಸ್ಥಳೀಯರ ಮಾತು ಹೊರಗಿನವರನ್ನು ತಲುಪುವುದು ಇಂಗ್ಲಿಷ್ ಅಡಿಬರಹದ ಮೂಲಕ. ಅಲ್ಲಿ ಕಳೆದುಹೋಗಬಹುದಾದ ಒಂದು ನಿಪಾತವನ್ನು ಇಲ್ಲಿ ಪರಿಶೀಲಿಸುತ್ತೇವೆ.

ಅದೇ ಜಿಲ್ಲೆಯ ಹಂಗಳದ ಕಡೆಯ ಆಡುಮಾತಿನಲ್ಲಿ ‘ಕಾಡ್ಗೆ ವೋದ’ ಎಂಬುದು ಹೇಳುವವರೇ ಹೊಣೆ ಹೊತ್ತ ಹೇಳಿಕೆ. ‘ಕಾಡ್ಗೆ ವೋದ್ನಂತೆ’ ಎಂಬುದು ಕೇಳಿಬಂದ ಸುದ್ದಿ. ಇಲ್ಲಿನ ಹಕಾರಲೋಪ ಅರ್ಥವನ್ನು ಕೆಡಿಸದು. ಆದರೆ ‘ಅಂತೆ’ ಲೋಪವಾದರೆ ವದಂತಿಯೇ ಪ್ರತ್ಯಕ್ಷ ಸಾಕ್ಷ್ಯವಾಗಿಬಿಡುತ್ತದೆ. ತಮಿಳಿನ ‘-ಆಮ್’ ಇದೇ ಕೆಲಸ ಮಾಡುತ್ತದೆ. ಇಂಗ್ಲಿಷಿನಲ್ಲಿ ಅದಕ್ಕೆ ಬೇರೆಯೇ ಪದಗುಚ್ಛ ಬೇಕು.

ಮೌಖಿಕ ಸಾಕ್ಷ್ಯ ನೇರವಾಗಿರಬೇಕೆಂದು 1872ರ ಸಾಕ್ಷ್ಯ ಅಧಿನಿಯಮದ 60ನೇ ಪ್ರಕರಣ ವಿಧಿಸಿತ್ತು. ತೀರ್ಪು ನೀಡಲು ಕುಳಿತ ನೋಡುಗರಿಗೂ ಈ ಭೇದ ಕಾಣಬೇಕು. ಆದುದರಿಂದ ‘ಅಂತೆ’ಯನ್ನು ಅನುವಾದಿಸುವುದು ಶೈಲಿಯ ಆಯ್ಕೆಯಲ್ಲ, ಸಾಕ್ಷಿಗೆ ಸಲ್ಲಬೇಕಾದ ನ್ಯಾಯ ಎಂಬುದು ನಮ್ಮ ವಾದ.