ಈಜಿಪ್ಟಿನ ತಿಪ್ಪೆಯಲ್ಲಿ ಕನ್ನಡ ನುಡಿಯೇ?

ರಸಪ್ರಶ್ನೆ ಸ್ಪರ್ಧೆಗಳಲ್ಲಿ ಒಂದು ಪ್ರಶ್ನೆ ಆಗಾಗ ಬರುತ್ತದೆ: ‘ಕನ್ನಡ ಪದಗಳಿರುವ ಗ್ರೀಕ್ ನಾಟಕ ಯಾವ ದೇಶದಲ್ಲಿ ದೊರೆಯಿತು?’ ಈಜಿಪ್ಟ್ ಎಂದವರಿಗೆ ಅಂಕ ಸಿಗುತ್ತದೆ, ಚಪ್ಪಾಳೆಯೂ ಬೀಳುತ್ತದೆ. ತಾಳವಾಡಿ ಬೆಟ್ಟದ ಮೇಲೆ ಕನ್ನಡ ಕಲಿಯುವ ನಮಗೆ ಆ ಚಪ್ಪಾಳೆ ತುಸು ಹೆಚ್ಚೇ ಹಿತವೆನಿಸುತ್ತದೆ. ದಿಂಬಂ ಘಟ್ಟದ 27 ತಿರುವುಗಳನ್ನು ಇಳಿದರೆ ನಮ್ಮ ಭಾಷೆ ಕಿವಿಗೆ ಬೀಳುವುದು ಅಪರೂಪ. ಅಂಥ ಭಾಷೆ 1800 ವರ್ಷಗಳ ಹಿಂದೆಯೇ ನೈಲ್ ನದಿಯ ದಡ ಮುಟ್ಟಿತ್ತೆಂದರೆ ಯಾರಿಗೆ ಹೆಮ್ಮೆಯಾಗದು? ಆದರೆ ‘ಕನ್ನಡ ಪದಗಳಿರುವ’ ಎಂಬ ಮಾತು ಎಷ್ಟು ಗಟ್ಟಿ ಎಂಬುದನ್ನು ಈ ಲೇಖನದಲ್ಲಿ ತಟ್ಟಿ ನೋಡಬಯಸುತ್ತೇವೆ.

ಪ್ಯಾಪಿರಸ್ ಎಂಬುದು ನೈಲ್ ನದಿಯ ಜವುಗಿನಲ್ಲಿ ಬೆಳೆಯುವ ಜೊಂಡಿನಂಥ ಗಿಡ. ಅದರ ತಿರುಳನ್ನು ತೆಳುವಾಗಿ ಸೀಳಿ, ಒಂದು ಪದರ ಉದ್ದಕ್ಕೆ, ಇನ್ನೊಂದು ಪದರ ಅಡ್ಡಕ್ಕೆ ಹಾಸಿ, ಒತ್ತಿ ಒಣಗಿಸಿದರೆ ಬರೆಯುವ ಹಾಳೆ ಸಿದ್ಧ. ನಮ್ಮ ತಾಳೆಗರಿಗಳನ್ನು ಗೆದ್ದಲು, ತೇವಗಳು ತಿಂದುಹಾಕಿದವು. ಈಜಿಪ್ಟಿನ ಒಣ ಮರಳು ಈ ಹಾಳೆಗಳನ್ನು ಕಾಪಾಡಿತು. ಕೈರೋ ನಗರದಿಂದ ದಕ್ಷಿಣಕ್ಕೆ ಸುಮಾರು 160 ಕಿಲೋಮೀಟರ್ ದೂರದಲ್ಲಿ ಆಕ್ಸಿರಿಂಕಸ್ ಎಂಬ ಪಟ್ಟಣವಿತ್ತು. ಅಲ್ಲಿನ ಜನ ಬೇಡವಾದ ಹಾಳೆಗಳನ್ನು ಊರಾಚೆಯ ತಿಪ್ಪೆಗೆ ಸುರಿಯುತ್ತಿದ್ದರು. 1896-97ರ ಚಳಿಗಾಲದಲ್ಲಿ ಗ್ರೆನ್‌ಫೆಲ್ ಮತ್ತು ಹಂಟ್ ಎಂಬ ಆಂಗ್ಲ ವಿದ್ವಾಂಸರು ಆ ತಿಪ್ಪೆಗಳನ್ನು ಅಗೆಯತೊಡಗಿದರು. ಕೆಲವು ವರ್ಷಗಳಲ್ಲಿ ಅವರಿಗೆ ದೊರೆತ ಚೂರುಗಳು ಸುಮಾರು 5 ಲಕ್ಷ! ತೆರಿಗೆ ಲೆಕ್ಕ, ಸಾಲಪತ್ರ, ಕಾವ್ಯಗಳ ತುಣುಕು, ತನ್ನನ್ನು ಅಲೆಕ್ಸಾಂಡ್ರಿಯಕ್ಕೆ ಕರೆದೊಯ್ಯಲಿಲ್ಲವೆಂದು ತಂದೆಯ ಮೇಲೆ ಮುನಿದ ಹುಡುಗನೊಬ್ಬನ ಕಾಗದ, ಎಲ್ಲವೂ ಅದರಲ್ಲಿದ್ದವು.

1903ರಲ್ಲಿ ಪ್ರಕಟವಾದ ಮೂರನೆಯ ಸಂಪುಟದಲ್ಲಿ 413ನೆಯ ಸಂಖ್ಯೆಯ ಹಾಳೆ ಒಂದು ಪ್ರಹಸನ. ಹಾಳೆ ಕ್ರಿ.ಶ. 2ನೆಯ ಶತಮಾನದ್ದು. ಕಾರಿಟಿಯಾನ್ ಎಂಬ ಗ್ರೀಕ್ ತರುಣಿ ಭಾರತದ ಕಡಲತೀರದ ದೇವಾಲಯವೊಂದರಲ್ಲಿ ಸೆರೆಯಾಗಿದ್ದಾಳೆ. ಅವಳ ಅಣ್ಣನ ತಂಡ ಹಡಗಿನಲ್ಲಿ ಬಂದು, ಅಲ್ಲಿನ ರಾಜನಿಗೂ ಅವನ ಪರಿವಾರಕ್ಕೂ ನೀರು ಬೆರೆಸದ ದ್ರಾಕ್ಷಾರಸ ಕುಡಿಸಿ, ಮತ್ತೇರಿದಾಗ ರಾಜನನ್ನು ಕಟ್ಟಿಹಾಕಿ ಅವಳನ್ನು ಪಾರುಮಾಡುತ್ತದೆ. ಜೊತೆಗೊಬ್ಬ ವಿದೂಷಕನಿದ್ದಾನೆ. ಅವನ ಮುಖ್ಯ ಆಯುಧ ಹೊಟ್ಟೆಯ ವಾಯು. ಶಾಲೆಯ ಸಂಚಿಕೆಯಲ್ಲಿ ಅದಕ್ಕಿಂತ ಬಿಡಿಸಿ ಬರೆಯುವಂತಿಲ್ಲ. ಈ ನಾಟಕದಲ್ಲಿ ರಾಜನೂ ಅವನ ಜನರೂ ಗ್ರೀಕ್ ಅಲ್ಲದ ಏನನ್ನೋ ನುಡಿಯುತ್ತಾರೆ. ಅದು ಗ್ರೀಕ್ ಲಿಪಿಯಲ್ಲೇ ಇದೆ.

ಮದರಾಸು ಸರ್ಕಾರದಲ್ಲಿ ಶಾಸನತಜ್ಞರಾಗಿದ್ದ ಜರ್ಮನ್ ವಿದ್ವಾಂಸ ಹುಲ್ಷ್ 1904ರಲ್ಲಿ ‘ಇದು ಕನ್ನಡ’ ಎಂದರು. ‘ಕೊಂಜೆಯ್’ ಎಂಬುದು ಕೊಂಚ, ‘ಪೆತ್ರೆಕಿಯೊ’ ಎಂಬುದು ಪಾತ್ರಕ್ಕೆ ಹಾಕಿ, ನಡುವಣ ‘ದಾಮುನ್’ ಎಂಬುದು ಮಧು. ಕುಡಿತದ ಸನ್ನಿವೇಶಕ್ಕೆ ಅರ್ಥ ಚೆನ್ನಾಗಿ ಹೊಂದುತ್ತದೆ. ಮೈಸೂರಿನಲ್ಲಿ ಅರ್ಥಶಾಸ್ತ್ರದ ಆರ್. ಶಾಮಶಾಸ್ತ್ರಿಗಳು, ಮಂಜೇಶ್ವರದಲ್ಲಿ ಗೋವಿಂದ ಪೈಗಳು ಈ ಜಾಡನ್ನು ಮುಂದುವರಿಸಿದರು. ಕೆಲವರು ಆ ರಾಜನ ಬಂದರನ್ನು ಉಡುಪಿಯ ಬಳಿಯ ಮಲ್ಪೆಯಲ್ಲೇ ಕಂಡರು. ಆದರೆ ಲಂಡನ್ನಿನ ಬಾರ್ನೆಟ್ ಎಂಬ ಪಂಡಿತರು 1926ರಲ್ಲಿ ಇದನ್ನು ಒಪ್ಪಲಿಲ್ಲ. ಮುಂದೆ ತುಳು ಎಂದವರೂ ಬಂದರು, ಬರಿಯ ಹಾಸ್ಯದ ಬಡಬಡಿಕೆ ಎಂದವರೂ ಬಂದರು. ನಮ್ಮ ಹಳ್ಳಿಯ ನಾಟಕದಲ್ಲಿ ದೊರೆಯ ಪಾತ್ರಧಾರಿ ‘ಟಸ್ ಪುಸ್’ ಎಂದು ಇಂಗ್ಲಿಷ್ ಮಾತಾಡುವುದಿಲ್ಲವೇ? ಹಾಗೆ.

ಒಬ್ಬರ ನುಡಿಯನ್ನು ಇನ್ನೊಬ್ಬರ ಲಿಪಿಯಲ್ಲಿ ಬರೆದರೆ ಏನಾಗುತ್ತದೆ? ಇದನ್ನರಿಯಲು ನಾವು ಪರದೇಶಕ್ಕೆ ಹೋಗಬೇಕಿಲ್ಲ. ದೊಡ್ಡಗಾಜನೂರಿನ ತಮಿಳು ಫಲಕ ನೋಡಿ. ತಮಿಳು ಲಿಪಿಯಲ್ಲಿ ತ-ದ, ಕ-ಗ, ಪ-ಬಗಳಿಗೆ ಬೇರೆ ಬೇರೆ ಅಕ್ಷರವಿಲ್ಲ. ಊರು ‘ತೊಟ್ಟಕಾಜನೂರ್’ ಆಗಿ ನಿಂತಿದೆ. ನಾವು ತರಗತಿಯಲ್ಲಿ ಒಂದು ಪ್ರಯೋಗ ಮಾಡಿದೆವು. ಒಬ್ಬ ‘ಗುಡ್ಡದ ಬದಿಗೆ ದನ ಬಿಟ್ಟೆ’ ಎಂದ. ಇನ್ನೊಬ್ಬಳು ಅದನ್ನು ತಮಿಳು ಲಿಪಿಯಲ್ಲಿ ಬರೆದಳು. ಕನ್ನಡ ಬಾರದ ಗೆಳೆಯನೊಬ್ಬ ಓದಿದ್ದು: ‘ಕುಟ್ಟದ ಪದಿಗೆ ತನ ಪಿಟ್ಟೆ’! ತರಗತಿಯೆಲ್ಲ ನಕ್ಕಿತು. ಬರೆದವಳು ಕನ್ನಡ ಬಲ್ಲವಳಾದರೂ ಹೀಗೆ. ಕನ್ನಡವನ್ನೇ ಕೇಳದ ಈಜಿಪ್ಟಿನ ಲಿಪಿಕಾರನ ಗತಿಯೇನು? ಸಾಲದ್ದಕ್ಕೆ ಆ ಕಾಲದ ಗ್ರೀಕ್ ಬರಹದಲ್ಲಿ ಪದ ಪದಗಳ ನಡುವೆ ಬಿಡುವಿರುತ್ತಿರಲಿಲ್ಲ. ಎಲ್ಲಿ ಕಡಿಯಬೇಕೆಂಬುದು ಓದುವವನ ಇಷ್ಟ. ಕನ್ನಡ ಬೇಕೆಂದು ಹುಡುಕುವವನ ಕತ್ತರಿ ಕನ್ನಡ ಸಿಗುವಲ್ಲೇ ಆಡುತ್ತದೆ.

ಹೀಗೆಂದು ಹುಲ್ಷ್ ಅವರ ಊಹೆಯನ್ನು ತಳ್ಳಿಹಾಕಲಾಗದು. ಆ ಕಾಲದಲ್ಲಿ ಹಡಗುಗಳು ಓಡಾಡುತ್ತಿದ್ದುದು ನಿಜ. ನಮ್ಮ ಈರೋಡು ಜಿಲ್ಲೆಯ ಕೊಡುಮಣಲ್‌ನಲ್ಲಿ ಮಣಿ ಮಾಡುವವರ ಹಳೆಯ ಊರೇ ಅಗೆತದಲ್ಲಿ ಸಿಕ್ಕಿದೆ. ಕೇರಳದ ಮುಜಿರಿಸ್ ಬಂದರಿನ ವ್ಯಾಪಾರಕ್ಕೆ ಸಂಬಂಧಿಸಿದ 2ನೆಯ ಶತಮಾನದ ಸಾಲಪತ್ರವೊಂದು ಪ್ಯಾಪಿರಸ್ಸಿನಲ್ಲೇ ಉಳಿದು, 1985ರಲ್ಲಿ ಅಚ್ಚಾಯಿತು. ಪಶ್ಚಿಮ ಕರಾವಳಿಯ ಮಾತು ನಾವಿಕರ ಬಾಯಲ್ಲಿ ಅಲ್ಲಿಗೆ ಹೋಗಿರಬಹುದು.

ನಮ್ಮನ್ನು ತಡೆಯುವ ಸಂಗತಿ ಬೇರೆ. ಮೊದಲನೆಯದಾಗಿ, ‘ದಾಮುನ್’ ಮಧುವಾಗಬೇಕಾದರೆ ಅಕ್ಷರಗಳು ಹಿಂದುಮುಂದಾಗಬೇಕು. ಇನ್ನೊಂದು, ಹುಲ್ಷ್ ಓದಿದ ‘ಹಾಕಿ’. ಮನೆಯಲ್ಲಿ ಹಾಲು, ಅಂಗಡಿಯಲ್ಲಿ ಪಾಲ್ ಎನ್ನುವ ತಾಳವಾಡಿಯ ಮಕ್ಕಳಿಗೆ ಇದನ್ನು ವಿವರಿಸಬೇಕಾಗಿಲ್ಲ. ಹಳಗನ್ನಡದಲ್ಲಿಯೂ ಅದು ಪಾಲ್. ಪಕಾರ ಹಕಾರವಾಗುವುದು ಶಾಸನಗಳಲ್ಲಿ ಕಾಣುವುದು 10ನೆಯ ಶತಮಾನದ ಸುಮಾರಿನಿಂದ. ಹಾಗಿದ್ದರೆ 2ನೆಯ ಶತಮಾನದ ಕನ್ನಡಿಗ ‘ಹಾಕಿ’ ಎಂದದ್ದು ಹೇಗೆ? ಕ್ರಿ.ಶ. 450ರ ಸುಮಾರಿನ ಹಲ್ಮಿಡಿ ಶಾಸನ ಕನ್ನಡವೆಂಬುದಕ್ಕೆ ಯಾರ ವಾದವೂ ಬೇಕಿಲ್ಲ, ಅದನ್ನು ಓದಿದರೆ ಸಾಕು. ಈ ಹಾಳೆಗೆ ಅಂಥ ಬಲವಿಲ್ಲ. ಊಹೆ ಸುಂದರವಾಗಿದೆ, ಸಿದ್ಧವಾಗಿಲ್ಲ ಎಂದೇ ನಮ್ಮ ಅಭಿಪ್ರಾಯ.

ಆ ಹಾಳೆ ಆಕ್ಸ್‌ಫರ್ಡಿನ ಬೋಡ್ಲಿಯನ್ ಗ್ರಂಥಾಲಯದಲ್ಲಿದೆ. ಆಕ್ಸಿರಿಂಕಸ್ಸಿನ 5 ಲಕ್ಷ ಚೂರುಗಳಲ್ಲಿ ಅಚ್ಚಾಗಿರುವುದು ಇನ್ನೂ ಅಲ್ಪ ಭಾಗ. ನಮ್ಮ ಶಾಲೆಯ ರಸಪ್ರಶ್ನೆಯಲ್ಲಿ ಈ ಬಾರಿ ಆ ಪ್ರಶ್ನೆಯನ್ನು ತಿದ್ದಿ, ‘ಕನ್ನಡ ಪದಗಳಿವೆಯೆಂದು 1904ರಲ್ಲಿ ಹುಲ್ಷ್ ಊಹಿಸಿದ ಗ್ರೀಕ್ ನಾಟಕ ಯಾವ ದೇಶದಲ್ಲಿ ದೊರೆಯಿತು?’ ಎಂದು ಕೇಳಿದೆವು. ಪ್ರಶ್ನೆ ಉದ್ದವಾಯಿತೆಂದು ಹುಡುಗರು ಗೊಣಗಿದರು.