ಬೀದಿಯ ಮಾತು ಬಲ್ಲ ಚಿತ್ರಕಥೆಗಾರ

2010ರ ಬರ್ಲಿನ್ ಚಿತ್ರೋತ್ಸವದಲ್ಲಿ ಗೌರವ ಸ್ವರ್ಣ ಕರಡಿ ಪ್ರಶಸ್ತಿ ಪಡೆದವರಲ್ಲಿ ಒಬ್ಬರು ಹೆಸರಾಂತ ನಟಿ ಹಾನ್ನಾ ಶಿಗುಲ್ಲಾ. ಇನ್ನೊಬ್ಬರು ಚಿತ್ರಕಥೆಗಾರ ವೋಲ್ಫ್‌ಗಾಂಗ್ ಕೋಲ್‌ಹಾಸೆ. ತೆರೆಯ ಹಿಂದೆಯೇ ಉಳಿದುಬಿಡುವ ಬರಹಗಾರರಿಗೆ ಇಂಥ ಮನ್ನಣೆ ಅಪರೂಪ.

1931ರಲ್ಲಿ ಬರ್ಲಿನ್‌ನ ಆಡ್ಲರ್ಸ್‌ಹೋಫ್‌ನಲ್ಲಿ ಹುಟ್ಟಿದ ಕೋಲ್‌ಹಾಸೆ, ಯುದ್ಧಾನಂತರ ಯುವಜನರ ಪತ್ರಿಕೆಗೆ ಬರೆಯುತ್ತ ಕೈ ಪಳಗಿಸಿಕೊಂಡವರು. ಆಮೇಲೆ ಸೇರಿದ್ದು ಪೂರ್ವ ಜರ್ಮನಿಯ ಸರ್ಕಾರಿ ಸ್ಟುಡಿಯೊ ಡೆಫಾ. ನಿರ್ದೇಶಕ ಗೆರ್ಹಾರ್ಡ್ ಕ್ಲೈನ್ ಅವರಿಗಾಗಿ ಬರೆದ 'ಬರ್ಲಿನ್ – ಎಕ್ಕೆ ಶೋನ್‌ಹೌಸರ್' (1957) ಚಿತ್ರದಲ್ಲಿ, ಮೇಲುಸೇತುವೆಯ ರೈಲು ಹಳಿಗಳಡಿ ಗುಂಪುಗೂಡುವ ಹುಡುಗರಿದ್ದಾರೆ. ಮನೆಯಲ್ಲಿ ನೆಮ್ಮದಿಯಿಲ್ಲ, ಬೀದಿಯಲ್ಲಿ ನಿಂತರೆ ಪೊಲೀಸರ ಕಾಟ. ಅವರಿಗೆ ಬುದ್ಧಿ ಹೇಳುವುದಕ್ಕಿಂತ ಅವರ ಮಾತು ಕೇಳಿಸಿಕೊಳ್ಳುವುದು ಕೋಲ್‌ಹಾಸೆಗೆ ಮುಖ್ಯವಾಗಿತ್ತು. ಸರ್ಕಾರಕ್ಕೆ ಇದು ಸದಾ ಹಿಡಿಸಲಿಲ್ಲ. 1965ರ ಡಿಸೆಂಬರಿನಲ್ಲಿ ಆಡಳಿತ ಪಕ್ಷದ ಕೇಂದ್ರ ಸಮಿತಿ ಸಿನಿಮಾಗಳ ಮೇಲೆ ಹರಿಹಾಯ್ದ ನಂತರ, ಇದೇ ಜೋಡಿಯ 'ಬರ್ಲಿನ್ ಉಮ್ ದಿ ಎಕ್ಕೆ' ತಡೆಯಲ್ಪಟ್ಟಿತು. ಅದು ಜನರೆದುರು ಬರುವ ಹೊತ್ತಿಗೆ ಕ್ಲೈನ್ ಬದುಕಿರಲಿಲ್ಲ.

ಕೋಲ್‌ಹಾಸೆ ಬರೆಯುವುದನ್ನು ಬಿಡಲಿಲ್ಲ. ನಿರ್ದೇಶಕ ಕೊನ್ರಾಡ್ ವೋಲ್ಫ್ ಅವರ ಸ್ವಂತ ಯುದ್ಧಾನುಭವವೇ 'ಇಶ್ ವಾರ್ ನೊಯಿನ್‌ತ್ಸೇನ್' (1968) ಆಯಿತು. ಸೋವಿಯತ್ ಸಮವಸ್ತ್ರ ತೊಟ್ಟ ಹತ್ತೊಂಬತ್ತರ ಜರ್ಮನ್ ಯುವಕ, ಧ್ವನಿವರ್ಧಕ ಹಿಡಿದು ತನ್ನದೇ ನಾಡಿನ ಸೈನಿಕರಿಗೆ ಶರಣಾಗಿರೆಂದು ತಾಯ್ನುಡಿಯಲ್ಲಿ ಕೂಗಿ ಹೇಳುತ್ತಾನೆ. 1980ರ 'ಸೋಲೋ ಸನ್ನಿ'ಯನ್ನು ವೋಲ್ಫ್ ಮತ್ತು ಕೋಲ್‌ಹಾಸೆ ಸೇರಿ ನಿರ್ದೇಶಿಸಿದರು. ಗಾಯಕಿ ಸನ್ನಿ, ರಾತ್ರಿ ಉಳಿದುಕೊಂಡ ಗಂಡಸಿಗೆ ಬೆಳಿಗ್ಗೆ ತಿಂಡಿಯಿಲ್ಲ ಎನ್ನುತ್ತಾಳೆ. ಅವನು ಗೊಣಗಿದರೆ, ಚರ್ಚೆಯೂ ಇಲ್ಲ ಎನ್ನುತ್ತಾಳೆ. ಅಷ್ಟರಲ್ಲೇ ಅವಳ ಇಡೀ ಸ್ವಭಾವ ನಮಗೆ ತಿಳಿದುಬಿಡುತ್ತದೆ. ಈ ಪಾತ್ರ ರೆನಾಟೆ ಕ್ರೋಸ್ನರ್ ಅವರಿಗೆ ಬರ್ಲಿನ್‌ನಲ್ಲಿ ಶ್ರೇಷ್ಠ ನಟಿ ಪ್ರಶಸ್ತಿ ತಂದಿತು.

ಬರ್ಲಿನ್ ಗೋಡೆ ಬಿತ್ತು, ಡೆಫಾ ಮುಚ್ಚಿತು. ಕೋಲ್‌ಹಾಸೆಯ ಲೇಖನಿಗೆ ಮಾತ್ರ ಕೆಲಸ ತಪ್ಪಲಿಲ್ಲ. ದಿರಿಸಿಗೆ ಸಲಾಮು ಹೊಡೆಯುವ ಸಮಾಜವನ್ನು ಬಯಲಿಗೆಳೆದ 'ಕೋಪೆನಿಕ್‌ನ ಕ್ಯಾಪ್ಟನ್' ನಾಟಕವನ್ನು 1997ರಲ್ಲಿ ಟಿ.ವಿ.ಗೆ ಅಳವಡಿಸಿದರು. ಆಂದ್ರೆಯಾಸ್ ಡ್ರೆಸೆನ್ ನಿರ್ದೇಶನದ 'ಸೊಮ್ಮರ್ ಫೋರ್ಮ್ ಬಾಲ್ಕೋನ್' (2005) ಚಿತ್ರದಲ್ಲಿ ಅವರು ಮರಳಿದ್ದು 'ಎಕ್ಕೆ ಶೋನ್‌ಹೌಸರ್'ನ ಹುಡುಗರಿದ್ದ ಪ್ರೆಂಜ್‌ಲಾವರ್ ಬೆರ್ಗ್ ಬಡಾವಣೆಗೇ. ಈ ಸಲ ಕಥೆ ಇಬ್ಬರು ಗೆಳತಿಯರದ್ದು: ಒಬ್ಬಳು ವೃದ್ಧರ ಆರೈಕೆ ಮಾಡುವವಳು, ಇನ್ನೊಬ್ಬಳು ಕೆಲಸವಿಲ್ಲದ ಒಂಟಿ ತಾಯಿ. ಸಾನ್ ಸೆಬಾಸ್ಟಿಯನ್ ಚಿತ್ರೋತ್ಸವ ಇದಕ್ಕೆ ಅತ್ಯುತ್ತಮ ಚಿತ್ರಕಥೆಯ ಪ್ರಶಸ್ತಿ ಕೊಟ್ಟಿತು.

2022ರಲ್ಲಿ ಅವರು ತೀರಿಕೊಂಡರು. ಆಳುವವರು ಬದಲಾದರೂ ಬಾಡಿಗೆ, ಕೆಲಸ, ಒಂಟಿತನಗಳ ಚಿಂತೆ ಜನರನ್ನು ಬಿಡುವುದಿಲ್ಲ ಎಂಬುದನ್ನು ಅವರು ಬಲ್ಲವರಾಗಿದ್ದರು. ಚಿತ್ರಕಥೆ ಬರೆಯಲು ಹೊರಟ ನಮ್ಮ ಯುವಕ ಯುವತಿಯರು 'ಸೋಲೋ ಸನ್ನಿ'ಯನ್ನು ಒಮ್ಮೆ ನೋಡಲೇಬೇಕು. ಎಷ್ಟು ಕಡಿಮೆ ಮಾತಿನಲ್ಲಿ ಒಂದು ಜೀವವನ್ನು ನಿಲ್ಲಿಸಬಹುದು ಎಂಬ ಪಾಠ ಅಲ್ಲಿದೆ.