ಸದಿಶ ಮತ್ತು ಸಮಾಂತರ ಚತುರ್ಭುಜ

ಕಾಸರಗೋಡಿನ ಕನ್ನಡ ಮಾಧ್ಯಮ ಶಾಲೆಗಳಲ್ಲಿ ಕಲಿತವರಿಗೆ ಸಮಾಂತರ ಚತುರ್ಭುಜ ಹೊಸದಲ್ಲ. ಅದರ ಕರ್ಣಗಳು ಪರಸ್ಪರ ಸಮದ್ವಿಭಾಗಿಸುತ್ತವೆ ಎಂಬುದನ್ನು ಸರ್ವಸಮ ತ್ರಿಭುಜಗಳ ಮೂಲಕ ಅವರು ಸಾಧಿಸಿರುತ್ತಾರೆ. ಹೈಯರ್ ಸೆಕೆಂಡರಿಯಲ್ಲಿ ಅದೇ ಆಕೃತಿ ‘ವೆಕ್ಟರ್’ ಎಂಬ ಇಂಗ್ಲಿಷ್ ಹೆಸರಿನೊಡನೆ ಮರಳಿದಾಗ ಪರಿಚಿತವಾದುದೂ ಅಪರಿಚಿತವೆನಿಸುತ್ತದೆ. ಕನ್ನಡದಲ್ಲಿ ಇದಕ್ಕೆ ‘ಸದಿಶ’ ಎಂಬ ಪದವಿದೆ. ಪರಿಮಾಣದ ಜೊತೆಗೆ ದಿಕ್ಕನ್ನೂ ಉಳ್ಳದ್ದು ಸದಿಶ. ಪರಿಮಾಣವನ್ನು ಮಾತ್ರ ಉಳ್ಳದ್ದು ಅದಿಶ. ಪದವನ್ನು ಬಿಡಿಸಿದರೆ ವ್ಯಾಖ್ಯೆಯೇ ದೊರೆಯುತ್ತದೆ.

ತುಳುನಾಡಿನ ತೆಂಕಣ ಗಡಿಯೆಂದು ಹೆಸರಾದ ಚಂದ್ರಗಿರಿ ಹೊಳೆಯನ್ನು ದಾಟುವ ದೋಣಿಯೊಂದನ್ನು ಊಹಿಸಬಹುದು. ಅಂಬಿಗನು ಎದುರು ದಡಕ್ಕೆ ನೇರವಾಗಿ ಗಂಟೆಗೆ 4 ಕಿ.ಮೀ. ವೇಗದಲ್ಲಿ ಹುಟ್ಟು ಹಾಕುತ್ತಾನೆ. ನೀರಿನ ಸೆಳೆತ ಗಂಟೆಗೆ 3 ಕಿ.ಮೀ. ಎಂದಿರಲಿ. ದೋಣಿಯು ಇವೆರಡೂ ದಿಕ್ಕುಗಳನ್ನು ಬಿಟ್ಟು ಓರೆಯಾಗಿ ಸಾಗುತ್ತದೆ. ಎರಡು ವೇಗಗಳನ್ನು ಬಾಹುಗಳಾಗಿಟ್ಟು ಸಮಾಂತರ ಚತುರ್ಭುಜವನ್ನು ರಚಿಸಿದರೆ ಅದರ ಕರ್ಣವೇ ದೋಣಿಯ ವೇಗ. ಇಲ್ಲಿ ಬಾಹುಗಳು ಲಂಬವಾಗಿರುವುದರಿಂದ ಅದು 5 ಕಿ.ಮೀ. ಸದಿಶಗಳ ಸಂಕಲನವೆಂದರೆ ಇದೇ.

ಈಗ ಅಬಕಡ ಎಂಬ ಸಮಾಂತರ ಚತುರ್ಭುಜದಲ್ಲಿ ‘ಅ’ವನ್ನು ಮೂಲಬಿಂದುವಾಗಿಯೂ, ಅಬ ಬಾಹುವನ್ನು ‘ಪ’ ಎಂಬ ಸದಿಶವಾಗಿಯೂ, ಅಡ ಬಾಹುವನ್ನು ‘ಮ’ ಎಂಬ ಸದಿಶವಾಗಿಯೂ ಗ್ರಹಿಸೋಣ. ಆಗ ಅಕ ಕರ್ಣವು ಪ + ಮ. ಅದರ ಮಧ್ಯಬಿಂದು (ಪ + ಮ)/2. ಇನ್ನೊಂದು ಕರ್ಣದ ತುದಿಗಳು ಪ ಮತ್ತು ಮ; ಅದರ ಮಧ್ಯಬಿಂದುವೂ (ಪ + ಮ)/2. ಎರಡೂ ಒಂದೇ ಬಿಂದು. ಪ್ರಮೇಯ ಸಿದ್ಧವಾಯಿತು.

ಈ ವಿಧಾನದ ಬಲ ಮುಂದಿನ ಸಮಸ್ಯೆಯಲ್ಲಿ ಇನ್ನೂ ಸ್ಪಷ್ಟ. ನಾಲ್ಕು ಮೂಲೆಗಳ ಅಡಕೆ ತೋಟವೊಂದಿದೆ. ಅದರ ಯಾವ ಬದಿಯೂ ಇನ್ನೊಂದಕ್ಕೆ ಸಮವಲ್ಲ. ನಾಲ್ಕೂ ಬದಿಗಳ ನಟ್ಟನಡುವೆ ಗೂಟ ಹುಗಿದು ಅನುಕ್ರಮವಾಗಿ ಹಗ್ಗ ಬಿಗಿದರೆ ದೊರೆಯುವುದು ಸಮಾಂತರ ಚತುರ್ಭುಜವೇ. ಫ್ರಾನ್ಸಿನ ಪಿಯರ್ ವಾರಿನ್ಯೋನನ ಈ ಪ್ರಮೇಯವು ಅವನ ಮರಣಾನಂತರ 1731ರಲ್ಲಿ ಪ್ರಕಟವಾಯಿತು. ಮೂಲೆಗಳ ಸ್ಥಾನ ಸದಿಶಗಳು ಅ, ಬ, ಕ, ಡ ಆಗಿರಲಿ. ಮೊದಲ ಗೂಟ (ಅ + ಬ)/2, ಎರಡನೆಯದು (ಬ + ಕ)/2. ಇವುಗಳ ನಡುವಣ ಹಗ್ಗ (ಕ − ಅ)/2. ಮೂರನೆಯದು (ಕ + ಡ)/2, ನಾಲ್ಕನೆಯದು (ಡ + ಅ)/2. ನಾಲ್ಕನೆಯದರಿಂದ ಮೂರನೆಯದಕ್ಕೆ ಹೋಗುವ ಹಗ್ಗವೂ (ಕ − ಅ)/2. ಸದಿಶಗಳು ಸಮವೆಂದರೆ ಉದ್ದವೂ ದಿಕ್ಕೂ ಸಮ. ಆದುದರಿಂದ ಒಂದು ಜೊತೆ ಅಭಿಮುಖ ಬಾಹುಗಳು ಸಮವೂ ಸಮಾಂತರವೂ ಆದುವು. ಬೇರೆ ಪರೀಕ್ಷೆ ಬೇಕಿಲ್ಲ. ಪ್ರತಿಯೊಂದು ಹಗ್ಗವೂ ತೋಟದ ಒಂದು ಕರ್ಣದ ಅರ್ಧದಷ್ಟಿರುವುದರಿಂದ ಹಗ್ಗದ ಒಟ್ಟು ಉದ್ದವು ಎರಡು ಕರ್ಣಗಳ ಮೊತ್ತಕ್ಕೆ ಸಮ.

ಹನ್ನೆರಡನೆಯ ಶತಮಾನದಲ್ಲಿಯೇ ರಾಜಾದಿತ್ಯನು ‘ವ್ಯವಹಾರಗಣಿತ’, ‘ಕ್ಷೇತ್ರಗಣಿತ’ಗಳನ್ನು ಕನ್ನಡದಲ್ಲಿ ರಚಿಸಿದನು. ಗಣಿತದ ತರ್ಕವನ್ನು ಹೊರುವ ಶಕ್ತಿ ಈ ಭಾಷೆಗೆ ಅಂದೇ ಇತ್ತು. ಪರೀಕ್ಷೆಯನ್ನು ಇಂಗ್ಲಿಷಿನಲ್ಲಿ ಬರೆಯುವ ಗಡಿನಾಡಿನ ವಿದ್ಯಾರ್ಥಿಗೆ ‘ವೆಕ್ಟರ್’ ಅನಿವಾರ್ಯವೇ ಸರಿ. ಆದರೆ ಅದರೊಡನೆ ‘ಸದಿಶ’ವನ್ನೂ ಅರಿತಿದ್ದರೆ, ಹತ್ತು ವರ್ಷ ಕನ್ನಡದಲ್ಲಿ ಕಲಿತ ಗಣಿತವು ಹೊಸ ತರಗತಿಯ ಬಾಗಿಲಲ್ಲಿ ಕಳಚಿ ಬೀಳದೆ ಮುಂದಿನ ಕಲಿಕೆಗೆ ಆಧಾರವಾಗುತ್ತದೆ.